ಕೈ ಮಾತ್ರ ಕಾಣುವ ಮಾಸ್ತರು: ಹಿರೇಬೆಣಕಲ್ಲಿನಲ್ಲಿ ಒಂದು ದಿನ, ಒಂದು ರಿವ್ಯೂ

ಮೊದಲೇ ಹೇಳಿಬಿಡುತ್ತೇನೆ, ಇದು ಹೋಟೆಲ್ ರಿವ್ಯೂ ಅಲ್ಲ, ಹೋಮ್‌ಸ್ಟೇ ರಿವ್ಯೂನೂ ಅಲ್ಲ. ಒಬ್ಬರ ಜೊತೆ ಬೆಳಗ್ಗೆಯಿಂದ ಸಂಜೆವರೆಗೆ ಕಲ್ಲು, ಬೂದಿ ನೋಡಿಕೊಂಡು ಸುತ್ತಿದ್ದರ ರಿವ್ಯೂ. ಕಲ್ಲು ಅಂದರೆ ಕೊಪ್ಪಳ ಜಿಲ್ಲೆಯ ಹಿರೇಬೆಣಕಲ್ ಗುಡ್ಡದ ಮೇಲಿನ ಸಾವಿರಾರು ವರ್ಷ ಹಳೇ ಕಲ್ಲಿನ ಮನೆಗಳು, ಬೂದಿ ಅಂದರೆ ಹಂಪಿ ಹತ್ತಿರದ ಒಂದು ಹಳೇ ಬೂದಿ ದಿಬ್ಬ. ಅವರು ಗಂಗಾವತಿ ಕಡೆಯವರು, ನಿವೃತ್ತ ಹೈಸ್ಕೂಲ್ ಮಾಸ್ತರು. ಹೆಸರು, ಫೋನ್ ನಂಬರ್ ಹಾಕಬೇಡಿ ಅಂದಿದ್ದಾರೆ, ಹಾಕುವುದಿಲ್ಲ. ಆ ಕಡೆ ಎಲ್ಲರೂ ಮಾಸ್ತರು ಅಂತಲೇ ಕರೆಯುತ್ತಾರೆ, ನಾನೂ ಹಾಗೇ ಬರೆಯುತ್ತೇನೆ.

ಅವರ ಕೈಯನ್ನು ನಾನು ಮೊದಲು ನೋಡಿದ್ದು ಟಿವಿಯಲ್ಲಿ. ನಿಜವಾಗಲೂ ಕೈ ಮಾತ್ರ. ಯಾವುದೋ ಸಾಕ್ಷ್ಯಚಿತ್ರ, ಒಂದು ದೊಡ್ಡ ಕಲ್ಲಿನ ಚಪ್ಪಡಿ, ಅದರ ಮೇಲೆ ಒಂದು ಕೈ ನಿಧಾನಕ್ಕೆ ಸರಿಯುತ್ತೆ, ಕಿರುಬೆರಳು ಒಂಚೂರು ಸೊಟ್ಟ. ಹಿಂದೆ ಯಾರದೋ ಗಂಭೀರ ದನಿ. ಮರೆತೂ ಬಿಟ್ಟಿದ್ದೆ. ಒಂದೆರಡು ವರ್ಷ ಆದಮೇಲೆ ಇನ್ನೊಂದು ಸಾಕ್ಷ್ಯಚಿತ್ರ, ಬೇರೆ ಚಾನೆಲ್, ಬೇರೆ ಭಾಷೆ. ಅದೇ ಸೊಟ್ಟ ಕಿರುಬೆರಳು! ಅವತ್ತು ಹೆಂಡತಿಗೆ ತೋರಿಸಿದರೆ "ನಿಮಗೆ ಬೇರೆ ಕೆಲಸ ಇಲ್ವಾ" ಅಂದಳು. ಕೊನೆಗೆ ಪರಿಚಯದವರೊಬ್ಬರು, "ಓ ಅದು ನಮ್ಮ ಮಾಸ್ತರ್ ಕೈ, ಕರೆದರೆ ಬರ್ತಾರೆ, ದಿನಕ್ಕೆ ಇಷ್ಟು ಅಂತ ತಗೋತಾರೆ" ಅಂದರು.

ಅಷ್ಟು ಅಂದರೆ ನಾಲ್ಕು ಸಾವಿರ. ಐದು ಜನರವರೆಗೆ ಅದೇ ರೇಟು. ಗಾಡಿ ನಮ್ಮದು, ಊಟ ನಮ್ಮದು, ಅವರ ಊಟವೂ ನಮ್ಮದು. ನಗದು ಮಾತ್ರ, ಫೋನ್‌ಪೇ ಗೀನ್‌ಪೇ ಇಲ್ಲ. ಜಾಸ್ತಿ ಅನಿಸಿತು ಮೊದಲು. ಹಂಪಿಯಲ್ಲಿ ಇದಕ್ಕಿಂತ ಕಡಿಮೆಗೆ ಗೈಡ್ ಸಿಗುತ್ತಾರೆ ಅಂತ ಭಾವಮೈದ ಗೊಣಗಿದ. ಸಿಗುತ್ತಾರೆ, ನಿಜ.

ಬುಕಿಂಗ್ ಅಂದರೆ ಒಂದು ಫೋನ್ ಕಾಲ್ ಅಷ್ಟೇ, ಆದರೆ ಆ ಕಾಲ್ ಇಂಟರ್‌ವ್ಯೂ ಥರ ಇತ್ತು. ಯಾರ್ಯಾರು ಬರ್ತೀರಿ, ಮೊಣಕಾಲು ಹೆಂಗದಾವ, ಬೂಟು ಐತೇನು ಚಪ್ಪಲಿನೋ, ತಲಾ ಎರಡು ಲೀಟರ್ ನೀರು ಹೊರ್ತೀರೇನು. ಆಮೇಲೆ ಒಂದು ವಿಚಿತ್ರ ಪ್ರಶ್ನೆ: "ನಿಮಗ ರಹಸ್ಯ ಬೇಕೋ, ಕಲ್ಲು ಬೇಕೋ?" ನಾನು ಸುಮ್ನೆ ಕಲ್ಲು ಅಂದೆ. "ಹಂಗಾರ ಐದೂವರಿಗೆ ಬರ್ರಿ" ಅಂದು ಇಟ್ಟೇಬಿಟ್ಟರು. ಬೆಳಗಿನ ಐದೂವರೆ. ಇದು ಮೊದಲ ಕಂಪ್ಲೇಂಟ್ ಅಂತ ಬರೆದುಕೊಳ್ಳಿ.

ನಾವು ನಾಲ್ಕು ಜನ. ನಾನು, ಹೆಂಡತಿ, ಭಾವಮೈದ, ಅವನ ಮಗಳು. ಅವಳು ಏಳನೇ ಕ್ಲಾಸು. ಗಂಗಾವತಿಯಿಂದ ಹಿರೇಬೆಣಕಲ್ ಸುಮಾರು ಹತ್ತು ಕಿಲೋಮೀಟರ್. ಊರಿನ ಹತ್ತಿರ ಗಾಡಿ ಬಿಟ್ಟು ಗುಡ್ಡ ಹತ್ತಬೇಕು. ಮೆಟ್ಟಿಲು ಗಿಟ್ಟಿಲು ಏನಿಲ್ಲ, ಬಂಡೆ, ಮುಳ್ಳಿನ ಗಿಡ, ಕಾಲುದಾರಿ. ನಮ್ಮ ಸ್ಪೀಡಿಗೆ ಒಂದೂಕಾಲು ಗಂಟೆ ಹಿಡಿಯಿತು. ಮಾಸ್ತರು ಪಂಚೆ ಎತ್ತಿ ಕಟ್ಟಿ, ಹೆಗಲಿಗೆ ಒಂದು ಬಟ್ಟೆ ಚೀಲ ಹಾಕಿ ಮುಂದೆ ಹೋಗುತ್ತಲೇ ಇದ್ದರು. ಅರವತ್ತೈದು ದಾಟಿದ ಮನುಷ್ಯ. ನಾವು ಏದುಸಿರು ಬಿಡುವಾಗ ಅವರು ಕಥೆ ಹೇಳುತ್ತಿದ್ದರು.

ಅವರ ಈ ಕೆಲಸ ಶುರುವಾದ ಕಥೆ ಸಿಂಪಲ್. 1980ರಿಂದ ಎರಡು ದಶಕ ಜಾನ್ ಫ್ರಿಟ್ಸ್, ಜಾರ್ಜ್ ಮಿಚೆಲ್ ಅನ್ನುವ ವಿದೇಶಿ ಸಂಶೋಧಕರ ತಂಡ ಹಂಪಿಯ ಒಂದೊಂದು ಗೋಡೆ, ಒಂದೊಂದು ದಾರಿಯನ್ನೂ ಅಳೆದು ನಕ್ಷೆ ಮಾಡಿತಲ್ಲ, ಆ ಕಾಲಕ್ಕೆ ಇವರು ಕಾಲೇಜು ಹುಡುಗ. ಬಿಸಿಲಲ್ಲಿ ಟೇಪು ಹಿಡಿದುಕೊಂಡು ಓಡಾಡುವ ಜನರನ್ನು ದೂರದಿಂದ ನೋಡಿ ಇವರೇನು ಕಳಕೊಂಡಾರ ಇಲ್ಲಿ ಅಂತ ಅನಿಸಿತ್ತಂತೆ. 1986ರಲ್ಲಿ ಹಂಪಿ ವಿಶ್ವ ಪರಂಪರೆಯ ಪಟ್ಟಿ ಸೇರಿತು. ನಿಧಾನಕ್ಕೆ ಕ್ಯಾಮೆರಾ ಹೊತ್ತವರು ಬರತೊಡಗಿದರು. ಅಷ್ಟರಲ್ಲಿ ಇವರು ಮಾಸ್ತರಾಗಿದ್ದರು, ರಜೆಯಲ್ಲಿ ಗುಡ್ಡ ಸುತ್ತುವ ಚಟ ಹತ್ತಿತ್ತು. ಒಮ್ಮೆ ಒಂದು ತಂಡಕ್ಕೆ ದಾರಿ ತಪ್ಪಿತು, ಇವರು ಕರಕೊಂಡು ಹೋದರು. ಅವರು ಇನ್ನೊಂದು ತಂಡಕ್ಕೆ ಹೇಳಿದರು. ಹಾಗೇ ಮೂವತ್ತು ವರ್ಷ.

ಕೆಲಸ ಅಂದರೆ ಏನೇನು ಅಂತ ಕೇಳಿದೆ. ದಾರಿ ತೋರಿಸೋದು ಅದರಲ್ಲಿ ಸಣ್ಣ ಭಾಗ ಅಂತೆ. ಯಾವ ಬಂಡೆಗೆ ಎಷ್ಟು ಗಂಟೆಗೆ ಬಿಸಿಲು ಬೀಳುತ್ತೆ, ಯಾವ ಚಿತ್ರ ಬೆಳಗ್ಗೆ ಮಾತ್ರ ಕಾಣುತ್ತೆ, ಎಲ್ಲಿ ಜೇನು ಕಟ್ಟಿದೆ, ಎಲ್ಲಿ ಕರಡಿ ಓಡಾಡುತ್ತೆ, ಟ್ರೈಪಾಡ್ ಹೊರಲು ಯಾರನ್ನು ಕರೆಯಬೇಕು, ಅವರಿಗೆ ಎಷ್ಟು ಕೂಲಿ, ಇಲಾಖೆಯ ಪರವಾನಗಿ ಪತ್ರದಲ್ಲಿ ಡ್ರೋನ್ ಅಂತ ಬರೆದಿದೆಯೋ ಇಲ್ಲವೋ. ಇದೆಲ್ಲ ಆದಮೇಲೆ ಕ್ಯಾಮೆರಾ ಮುಂದೆ ಎರಡು ಮಾತು. ಒಂದು ತಂಡದವರು ಕಲ್ಲಿನ ಮನೆಯೊಳಗೆ ಬೆಂಕಿ ಹಾಕಿ ಆದಿಮಾನವರ ಸೀನ್ ತೆಗೆಯುತ್ತೇವೆ ಅಂದರಂತೆ. ಇವರು ಚೀಲ ತಗೊಂಡು ಇಳಿದು ಬಂದೇಬಿಟ್ಟರಂತೆ. ದಾರಿ ಗೊತ್ತಿಲ್ಲದ ಅವರೂ ಹಿಂದೆಯೇ ಬರಬೇಕಾಯಿತು.

ಇನ್ನು ಜಾಗದ ವಿಷಯ. ಗುಡ್ಡದ ನೆತ್ತಿ ದಾಟಿ ಒಂದು ತಿರುವು ತಗೊಂಡ ತಕ್ಷಣ ಮಾತು ನಿಂತುಹೋಯಿತು ನಮ್ಮದು. ಕಲ್ಲಿನ ಮನೆಗಳು. ಒಂದಲ್ಲ, ಎರಡಲ್ಲ. ಮೂರು ಕಡೆ, ನಾಲ್ಕು ಕಡೆ ಚಪ್ಪಡಿ ನಿಲ್ಲಿಸಿ ಮೇಲೊಂದು ಚಪ್ಪಡಿ ಮುಚ್ಚಿದ್ದಾರೆ. ಇಸ್ಪೀಟ್ ಎಲೆಯಲ್ಲಿ ಮಕ್ಕಳು ಮನೆ ಕಟ್ಟುತ್ತಾರಲ್ಲ, ಅದೇ ಥರ, ಆದರೆ ಒಂದೊಂದು ಎಲೆಯೂ ಟನ್‌ಗಟ್ಟಲೆ ಭಾರ. ಇಡೀ ಜಾಗದಲ್ಲಿ ಚಿಕ್ಕದು ದೊಡ್ಡದು ಸೇರಿ ಸುಮಾರು 400 ಇವೆ. ಕ್ರಿ.ಪೂ. 800ರಿಂದ 200ರ ನಡುವೆ, ಅಂದರೆ ಕಬ್ಬಿಣ ಬಳಕೆಗೆ ಬಂದಿದ್ದ ಕಾಲ, ಅನ್ನೋದು ಸಾಮಾನ್ಯವಾಗಿ ಹೇಳುವ ಲೆಕ್ಕ. ನಿಜಾಮರ ಕೆಲಸದಲ್ಲಿದ್ದ ಮೆಡೋಸ್ ಟೇಲರ್ ಅನ್ನುವ ಇಂಗ್ಲಿಷ್ ಅಧಿಕಾರಿ 1835ರ ಹೊತ್ತಿಗೇ ಇದನ್ನು ಗುರುತಿಸಿದ್ದ. ಮುಂದೆ ಸುರಪುರದ ಆಡಳಿತ ನೋಡಿಕೊಂಡಿದ್ದವನೂ ಇವನೇ, ಹಾಗಾಗಿ ಅಲ್ಲಿನವರಿಗೆ ಈ ಹೆಸರು ಚೆನ್ನಾಗಿ ಗೊತ್ತು. ಯುನೆಸ್ಕೋದ ತಾತ್ಕಾಲಿಕ ಪಟ್ಟಿಗೆ ಸೇರಿದ್ದು ಮಾತ್ರ 2021ರಲ್ಲಿ. ನಮ್ಮಲ್ಲಿ ಎಷ್ಟು ಜನ ಹೋಗಿ ನೋಡಿದ್ದಾರೆ ಅಂತ ಕೇಳಬೇಡಿ, ನಾನೇ ಹಂಪಿಗೆ ಆರು ಸಲ ಹೋಗಿದ್ದೆ, ಇಲ್ಲಿಗೆ ಇದೇ ಮೊದಲು.

ಮಾಸ್ತರು ಒಂದೇ ಒಂದು ಕಲ್ಮನೆಯ ಮುಂದೆ ನಲವತ್ತು ನಿಮಿಷ ನಿಲ್ಲಿಸಿದರು. ನಲವತ್ತು! ಮೊದಲ ಹತ್ತು ನಿಮಿಷ ಬೋರಾಯಿತು. ಆಮೇಲೆ ಆಗಲಿಲ್ಲ. ಮೊದಲು ಆ ಕೈ ಹೋಗಿ ಚಪ್ಪಡಿಯ ಅಂಚಿನ ಮೇಲೆ ಕೂತಿತು, ಸೊಟ್ಟ ಕಿರುಬೆರಳು ಸಮೇತ. ಎದುರಿನ ಚಪ್ಪಡಿ ಆರೂವರೆ ಅಡಿ ಎತ್ತರ. ಅದರ ನಡುವೆ ದುಂಡಗೆ ಒಂದು ಕಿಂಡಿ. "ಬೆರಳು ಒಳಗ ಹಾಕಿ ಅಂಚು ಸವರು" ಅಂತ ಹುಡುಗಿಗೆ ಹೇಳಿದರು. ಅವಳು ಸವರಿ, "ಒಳಗಡೆ ನುಣ್ಣಗಿದೆ, ಹೊರಗಡೆ ಒರಟು" ಅಂದಳು. "ಯಾಕ?" ಅಂದರು. ಅವಳಿಗೆ ಗೊತ್ತಿಲ್ಲ, ನಮಗೂ ಗೊತ್ತಿಲ್ಲ. "ನನಗೂ ಪೂರ್ತಿ ಗೊತ್ತಿಲ್ಲ, ಮೂವತ್ತು ವರ್ಷದಿಂದ ಸವರಾಕತ್ತೀನಿ" ಅಂತ ನಕ್ಕರು.

ಆಮೇಲೆ ಒಂದೊಂದಾಗಿ ತೋರಿಸಿದರು. ಪಕ್ಕದ ಚಪ್ಪಡಿಗಳು ಒಂದಕ್ಕೊಂದು ಸುಮ್ನೆ ತಾಗಿಕೊಂಡು ನಿಂತಿಲ್ಲ. ಒಂದರ ತುದಿ ಇನ್ನೊಂದನ್ನು ದಾಟಿ ಮುಂದೆ ಬಂದಿದೆ, ಅದು ಇದನ್ನು ಬೀಳದಂತೆ ತಡೆಯುತ್ತೆ, ಇದು ಅದನ್ನು. ಮೇಲಿಂದ ನೋಡಿದರೆ ಸ್ವಸ್ತಿಕದ ಥರ ಕಾಣುತ್ತಂತೆ. ಗಾರೆ ಇಲ್ಲ, ಏನಿಲ್ಲ, ಭಾರವೇ ಹಿಡಿದುಕೊಂಡಿದೆ. ಇಷ್ಟು ತೆಳ್ಳಗೆ ಚಪ್ಪಡಿ ಹೇಗೆ ಎಬ್ಬಿಸಿದರು? ಅದಕ್ಕೆ ನಮ್ಮನ್ನು ಒಂದು ನೀರಿನ ಹೊಂಡದ ಪಕ್ಕ ಕರಕೊಂಡು ಹೋದರು. ಅಲ್ಲಿ ಬಂಡೆ ಈರುಳ್ಳಿ ಸಿಪ್ಪೆಯ ಥರ ಪದರ ಪದರವಾಗಿ ತಾನೇ ಬಿಟ್ಟುಕೊಳ್ಳುತ್ತೆ. ಕಣಶಿಲೆಯ, ಅಂದರೆ ಗ್ರಾನೈಟಿನ, ಸ್ವಭಾವವೇ ಅದು. ಪದರದ ಸಂದು ಹುಡುಕಿ, ಬೆಂಕಿಯಿಂದ ಕಾಯಿಸಿ, ಬೆಣೆ ಹೊಡೆದರೆ ಚಪ್ಪಡಿ ಏಳುತ್ತೆ. ಹಾಗೆ ಎಬ್ಬಿಸಿ ಎಬ್ಬಿಸಿ ಆದ ತಗ್ಗಿನಲ್ಲೇ ನೀರು ನಿಂತು ಹೊಂಡ ಆಯಿತು. ಕ್ವಾರಿಯೇ ಕೆರೆ. ಮನೆಯೂ ಆಯಿತು, ನೀರೂ ಆಯಿತು. ಇದನ್ನು ಯಾವ ಸಾಕ್ಷ್ಯಚಿತ್ರದಲ್ಲೂ ನಾನು ಸರಿಯಾಗಿ ನೋಡಿರಲಿಲ್ಲ. ಹೊಂಡ ಕಾಣುತ್ತೆ, ಡ್ರೋನ್ ಮೇಲಿಂದ ಹಾರುತ್ತೆ, ಹಿಂದೆ ಕೊಳಲು ಬಾರಿಸುತ್ತಾರೆ, ಮುಗೀತು.

ಇವು ಏನು, ಸಮಾಧಿಗಳಾ? ನಾವೂ ಅದನ್ನೇ ಕೇಳಿದೆವು. ಇಲ್ಲಿಂದಲೇ ಈ ರಿವ್ಯೂ ಬರೆಯಬೇಕು ಅಂತ ನನಗೆ ಅನಿಸಿದ್ದು.

"ಸಮಾಧಿ ಇರಬಹುದು ಅಂತ ಹೇಳ್ತೀನ್ರಿ ನಾನು. ಅವರು ಇರಬಹುದು ಕತ್ತರಿಸ್ತಾರ. ಟಿವ್ಯಾಗ ಬರೋದು, ಸಮಾಧಿ. ಅಷ್ಟ."

ಯೋಚನೆ ಮಾಡಿ ನೋಡಿ. ಕನ್ನಡದಲ್ಲಿ ಅನುಮಾನ ಎಲ್ಲ ಬರೋದು ವಾಕ್ಯದ ಕೊನೆಗೆ. ಇರಬಹುದು, ಅಂತಾರೆ, ಅನಿಸುತ್ತೆ, ಅಂತ ಕಾಣುತ್ತೆ. ಎಡಿಟರ್ ಬಾಲ ಕತ್ತರಿಸಿದರೆ ಅನುಮಾನ ಹೋಯಿತು, ಖಚಿತ ಉಳಿಯಿತು. ಇಲ್ಲಿನ ಎಷ್ಟೋ ಕಲ್ಮನೆಗಳ ಒಳಗೆ ಮೂಳೆ ಗೀಳೆ ಏನೂ ಇಲ್ಲ, ಖಾಲಿ. ಹಾಗಾಗಿ ಸತ್ತವರ ನೆನಪಿಗೆ ಕಟ್ಟಿದ್ದೋ, ಹೂಳಲಿಕ್ಕೆ ಕಟ್ಟಿದ್ದೋ, ಎರಡೂನೋ, ಮಾತು ಇನ್ನೂ ನಡೆದಿದೆ. ಅದನ್ನು ಹೇಳಲು ಅವರಿಗೆ ಬೇಕಾಗೋದು ಒಂದೇ ಒಂದು ಕ್ರಿಯಾಪದ, ಅದೂ ಸಿಗುತ್ತಿರಲಿಲ್ಲ. ಮೊದಮೊದಲು ಜಗಳ ಮಾಡುತ್ತಿದ್ದರಂತೆ, ಫೋನ್ ಮಾಡಿ ಬೈಯುತ್ತಿದ್ದರಂತೆ. ಆಮೇಲೆ ಮಾಸ್ತರು ಒಂದು ಉಪಾಯ ಮಾಡಿದರು. ಈಗ ಕ್ಯಾಮೆರಾ ಮುಂದೆ "ಸಮಾಧಿ ಇರಬಹುದು" ಅನ್ನೋದೇ ಇಲ್ಲ. "ಸಮಾಧಿಯಿರಬಹುದಾದ ಈ ಕಲ್ಲಿನ ಮನಿ ಒಳಗ" ಅಂತ ಶುರು ಮಾಡುತ್ತಾರೆ. ಅನುಮಾನ ನಡುವೆ ಸಿಕ್ಕಿಕೊಂಡಿತು. ಅದನ್ನು ಕತ್ತರಿಸಿದರೆ ಮಾತೇ ತುಂಡಾಗುತ್ತೆ, ಬಿಡಲೇಬೇಕು. "ವ್ಯಾಕರಣ ಕಲಿಸಿದ್ದು ಇದಕ್ಕಾದರೂ ಉಪಯೋಗ ಆತು" ಅಂದರು. ಅವರು ಕನ್ನಡ ಮಾಸ್ತರು ಅಂತ ನನಗೆ ಗೊತ್ತಾಗಿದ್ದು ಆಗಲೇ.

ಊರವರು ಇವನ್ನು ಮೋರೇರ ಮನೆ ಅನ್ನುತ್ತಾರೆ. ಮೋರೇರು ಅಂದರೆ ಗಿಡ್ಡ ಜನ, ಅವರು ಕಟ್ಟಿಕೊಂಡ ಮನೆಗಳು ಇವು ಅನ್ನೋದು ಕಥೆ. ಕಿಂಡಿ ಅಷ್ಟು ಸಣ್ಣದಿದ್ದರೆ ಒಳಗೆ ಹೋಗಿ ಬರುವವರೂ ಸಣ್ಣಗಿರಬೇಕಲ್ಲ, ಕಥೆ ಕಟ್ಟಿದವರದೂ ಒಂದು ಲೆಕ್ಕ ಇದೆ. ಒಂದು ಚಾನೆಲ್‌ನವರು ಈ ಮೋರೇರನ್ನು ಎಳೆದುಕೊಂಡು ಹೋಗಿ ಚಂದ್ರಗುಪ್ತ ಮೌರ್ಯನಿಗೆ ಜೋಡಿಸಿದ್ದರಂತೆ, ಹೆಸರು ಒಂದೇ ಥರ ಕೇಳುತ್ತೆ ಅಂತ. ಕೆಳಗೆ ಮಾಸ್ತರ ಹೆಸರು ಹಾಕಿ, ಅದರ ಪಕ್ಕದಲ್ಲಿ ಇತಿಹಾಸ ತಜ್ಞ ಅಂತ ಬೇರೆ. ಒಂದು ವಾರ ಊರಲ್ಲಿ ಮುಖ ಎತ್ತಿ ಓಡಾಡಲಿಲ್ಲ ಅಂದರು. ನನಗೆ ನಗು ಬಂತು, ಅವರಿಗೆ ಬರಲಿಲ್ಲ. ಸುಮ್ಮನಾದೆ.

ನಗಾರಿ ಗುಂಡಿನ ಕಥೆ ಹೇಳದಿದ್ದರೆ ಈ ರಿವ್ಯೂ ಪೂರ್ತಿ ಆಗಲ್ಲ. ಎತ್ತರದ ಒಂದು ಬಂಡೆಯ ನೆತ್ತಿಯ ಮೇಲೆ ಅರ್ಧ ಚೆಂಡಿನಂಥ ಕಲ್ಲೊಂದು ಕೂತಿದೆ, ಎರಡು ಮೀಟರ್‌ಗಿಂತ ಅಗಲ. ಮರದ ಕೊಡತಿಯಿಂದ ಹೊಡೆದರೆ ನಗಾರಿಯ ಥರ ಮೊಳಗುತ್ತೆ, ಒಂದು ಕಿಲೋಮೀಟರ್ ಆಚೆಗೂ ಕೇಳುತ್ತೆ ಅನ್ನುತ್ತಾರೆ. ಸಾಕ್ಷ್ಯಚಿತ್ರದವರಿಗೆ ಇದು ಬೆಲ್ಲ. ಬಂದವರೆಲ್ಲ ಅದರ ಸದ್ದು ಬೇಕು ಅನ್ನುವವರೇ. ಸಮಸ್ಯೆ ಏನಂದರೆ ಗಂಗಾವತಿ ಭತ್ತದ ಕಣಜ. ಕೆಳಗೆ ಗದ್ದೆಗಳು, ಪಂಪ್‌ಸೆಟ್ಟುಗಳು. ಒಮ್ಮೆ ಒಂದು ತಂಡದವರು ಬೆಳಗ್ಗೆ ಆರಕ್ಕೇ ಬಂದು ಮೈಕ್ ಇಟ್ಟರೆ ಕಿವಿಗೆ ಬರೀ ಮೋಟಾರು. ಎಂಟು ಸಲ ಹೊಡೆದರು, ಎಂಟು ಸಲವೂ ಹಿಂದೆ ಗುಂಯ್ ಅಂತ ಪಂಪು. ಸೌಂಡ್ ಮಾಡುವವನು ಹೆಡ್‌ಫೋನ್ ತೆಗೆದಿಟ್ಟು ಬಂಡೆ ಮೇಲೆ ಕೂತೇಬಿಟ್ಟನಂತೆ. ಮಾಸ್ತರು ಕೆಳಗೆ ಯಾರಿಗೋ ಫೋನ್ ಮಾಡಿ, ಪಂಪಿನ ತ್ರೀ ಫೇಸ್ ಕರೆಂಟು ಎಷ್ಟಕ್ಕೆ ಹೋಗುತ್ತೆ ಅಂತ ಕೇಳಿದರು. ಹತ್ತಕ್ಕೆ. ಎಲ್ಲರೂ ಕೂತು ಮಂಡಕ್ಕಿ ತಿಂದರು. ಹತ್ತಕ್ಕೆ ಕರೆಂಟು ಹೋಯಿತು, ಇಡೀ ಬಯಲು ಗಪ್ ಅಂತು, ಒಂದೇ ಏಟಿಗೆ ಸದ್ದು ಸಿಕ್ಕಿತು.

ಅವತ್ತಿಂದ ಇವರ ಹತ್ತಿರ ಶೂಟಿಂಗ್ ಪಟ್ಟಿಯ ಜೊತೆ ಕರೆಂಟಿನ ಪಟ್ಟಿಯೂ ಇರುತ್ತೆ. ಚೀಲದಿಂದ ತೆಗೆದು ತೋರಿಸಿದರು, ಹಳೇ ನೋಟ್‌ಬುಕ್ಕು, ರಟ್ಟಿನ ಮೇಲೆ ಶಾಲೆಯ ಹೆಸರು, ಒಳಗೆ ಬಿಸಿಲು, ಕರೆಂಟು, ಜೇನು, ಮೂರು ಕಾಲಮ್. ಪುರಾತತ್ವದ ಪುಸ್ತಕಗಳಲ್ಲಿ ಇಂಥದ್ದು ಇರಲ್ಲ ಬಿಡಿ. ನಮಗೆ ನಗಾರಿ ಹೊಡೆಯಲು ಬಿಡಲಿಲ್ಲ. "ಎಲ್ಲಾರೂ ಒಂದೊಂದು ಏಟು ಅಂದ್ರ ಕಲ್ಲಿಗೂ ಲೆಕ್ಕ ಐತಲ್ರಿ" ಅಂದರು. ಭಾವಮೈದನಿಗೆ ಬೇಜಾರಾಯಿತು, ಅಷ್ಟು ಹತ್ತಿದ್ದೇ ಅದಕ್ಕೆ ಅನ್ನುವ ಥರ ಮುಖ ಮಾಡಿದ.

ಬೇಜಾರಿನ ಇನ್ನೊಂದು ವಿಷಯ ಅಲ್ಲಿ ಕಣ್ಣಿಗೆ ಬಿತ್ತು. ಕೆಲವು ಕಲ್ಮನೆಗಳು ಬಿದ್ದಿವೆ, ಕೆಲವು ಚಪ್ಪಡಿ ಒಡೆದಿವೆ. ಎಲ್ಲವೂ ತಾನಾಗಿ ಬಿದ್ದಿದ್ದಲ್ಲ. ನಿಧಿ ಹುಡುಕುವವರು ಅಗೆದ ಗುಂಡಿಗಳನ್ನು ಮಾಸ್ತರು ತೋರಿಸಿದರು. ಟಿವಿಯಲ್ಲಿ ರಹಸ್ಯ, ರಹಸ್ಯ ಅಂತ ಹತ್ತು ಸಲ ಅಂದರೆ ಹನ್ನೊಂದನೇ ದಿನ ಯಾರೋ ಹಾರೆ ತಗೊಂಡು ಬರುತ್ತಾರೆ ಅಂತ ಅವರ ಲೆಕ್ಕ. ಫೋನಿನಲ್ಲಿ ರಹಸ್ಯ ಬೇಕೋ ಕಲ್ಲು ಬೇಕೋ ಅಂತ ಯಾಕೆ ಕೇಳಿದರು ಅಂತ ನನಗೆ ಅರ್ಥವಾಯಿತು.

ದುಡ್ಡಿನ ವಿಷಯ ಕೇಳಿದೆ, ಅವರು ಮುಚ್ಚುಮರೆ ಮಾಡಲಿಲ್ಲ. ಕೆಲವರು ದಿನದ ಲೆಕ್ಕದಲ್ಲಿ ಚೆನ್ನಾಗಿ ಕೊಡುತ್ತಾರೆ. ಕೆಲವರು ಶಾಲು ಹೊದಿಸಿ ಫೋಟೋ ತೆಗೆದು ಹೋಗುತ್ತಾರೆ. ಒಬ್ಬರು ನಿಮ್ಮ ಹೆಸರು ಕೊನೆಗೆ ಬರುತ್ತೆ ಅಂದಿದ್ದರಂತೆ, ಮನೆಮಂದಿಯೆಲ್ಲ ಟಿವಿ ಮುಂದೆ ಕೂತು ಕಾದರೆ ಬಂದಿದ್ದು "ಸ್ಥಳೀಯ ಸಹಕಾರ: ಗ್ರಾಮಸ್ಥರು". ಮುಖ ಬಂದಿದ್ದು ಒಂದೇ ಒಂದರಲ್ಲಿ, ಅದೂ ಅರ್ಧ ನಿಮಿಷ. ಕೈ ಮಾತ್ರ ಬೇಕಾದಷ್ಟು ಕಡೆ ಬಂದಿದೆ, ಯಾಕೆಂದರೆ ಕಲ್ಲು ಎಷ್ಟು ದೊಡ್ಡದು ಅಂತ ತೋರಿಸಲು ಪಕ್ಕದಲ್ಲಿ ಏನಾದರೂ ಇಡಬೇಕಲ್ಲ. ಕಿರುಬೆರಳು ಹೇಗೆ ಸೊಟ್ಟ ಆಯಿತು? ಯಾವುದೋ ಬಂಡೆ ಕಥೆ ಬರುತ್ತೆ ಅಂತ ಕಾದೆ. ಚಿಕ್ಕವರಿದ್ದಾಗ ಎತ್ತಿನ ಗಾಡಿಯ ನೊಗಕ್ಕೆ ಸಿಕ್ಕಿದ್ದಂತೆ.

ಇಳಿಯುವಷ್ಟರಲ್ಲಿ ಒಂದೂವರೆ. ಊಟ ಸಿಕ್ಕಿದ್ದು ಮೂರಕ್ಕೆ. ಇದು ಎರಡನೇ ಕಂಪ್ಲೇಂಟ್, ಸ್ವಲ್ಪ ಸೀರಿಯಸ್ಸಾಗೇ ಹೇಳುತ್ತಿದ್ದೇನೆ. ಮಕ್ಕಳಿದ್ದರೆ ಚಪಾತಿ ಸುತ್ತಿಕೊಂಡು ಹೋಗಿ. ಗುಡ್ಡದ ಮೇಲೆ ಅಂಗಡಿ ಇಲ್ಲ, ಟಾಯ್ಲೆಟ್ ಇಲ್ಲ, ನೆರಳೂ ಕಡಿಮೆ. ಹೆಂಡತಿಯ ಮೊಣಕಾಲು ಇಳಿಯುವಾಗ ಕೈಕೊಟ್ಟಿತು. ಮಾಸ್ತರು ಒಂದು ಕೋಲು ಮುರಿದು ಕೊಟ್ಟು "ನಿಧಾನ ಬರ್ರಿ ಅಕ್ಕಾರ" ಅಂದರು, ಆದರೆ ಅವರು ಮಾತ್ರ ನಿಧಾನ ಆಗಲಿಲ್ಲ.

ಮಧ್ಯಾಹ್ನದ ಮೇಲೆ ಕಡೇಬಾಗಿಲಿನ ಸೇತುವೆ ದಾಟಿ ಬುಕ್ಕಸಾಗರದ ಕಡೆಯಿಂದ ನಿಂಬಾಪುರಕ್ಕೆ ಕರಕೊಂಡು ಹೋದರು. ಅಲ್ಲೊಂದು ಬೂದಿ ದಿಬ್ಬ ಇದೆ. ಕಣ್ಣಿಗೆ ಏನೂ ವಿಶೇಷ ಇಲ್ಲ, ಪೊದೆ ಬೆಳೆದ ಒಂದು ಗುಡ್ಡೆ. ಹಂಪಿಯ ವಿಠ್ಠಲ ದೇವಸ್ಥಾನಕ್ಕೆ ಬರುವ ಜನರಲ್ಲಿ ಇದನ್ನು ಕೇಳಿಕೊಂಡು ಬರುವವರು ಇಲ್ಲವೇ ಇಲ್ಲ ಅನ್ನಬೇಕು. ಊರವರ ಪ್ರಕಾರ ಇದು ವಾಲಿಯನ್ನು ಸುಟ್ಟ ಜಾಗ. ಕಿಷ್ಕಿಂಧೆ ಇಲ್ಲೇ ಅಲ್ವಾ, ರಾಮ ಬಾಣ ಬಿಟ್ಟಿದ್ದು ಇಲ್ಲೇ, ಹಾಗಾಗಿ ಚಿತೆಯೂ ಇಲ್ಲೇ.

ಮಾಸ್ತರು ವಾಲಿಯ ಕಥೆಯನ್ನೇ ಮೊದಲು ಹೇಳಿದರು, ಪೂರ್ತಿಯಾಗಿ, ಗೌರವದಿಂದ. ಆಮೇಲೆ ಹುಡುಗಿಯನ್ನು ಕೇಳಿದರು, "ಕುಳ್ಳು ನೋಡಿಯೇನವಾ?" ಅವಳಿಗೆ ಕುಳ್ಳು ಅಂದರೆ ಗೊತ್ತಾಗಲಿಲ್ಲ, ನಾನು ಬೆರಣಿ ಅಂದೆ. ಆಗಲೂ ಗೊತ್ತಾಗಲಿಲ್ಲ ಬಿಡಿ. ವಿಷಯ ಇಷ್ಟು: ಹೊಸ ಶಿಲಾಯುಗದ ಜನ, ಅಂದರೆ ನಾಲ್ಕು ಸಾವಿರ ವರ್ಷಕ್ಕೂ ಹಿಂದಿನಿಂದ ಈ ಬಯಲಿನಲ್ಲಿ ದನ ಮೇಯಿಸಿಕೊಂಡಿದ್ದವರು, ದನಗಳನ್ನು ದೊಡ್ಡಿಯಲ್ಲಿ ಕೂಡುತ್ತಿದ್ದರು. ಸಗಣಿ ರಾಶಿ ಬೀಳುತ್ತಿತ್ತು. ಅದಕ್ಕೆ ಬೆಂಕಿ ಇಡುತ್ತಿದ್ದರು. ಮತ್ತೆ ದನ, ಮತ್ತೆ ಸಗಣಿ, ಮತ್ತೆ ಬೆಂಕಿ. ತಲೆಮಾರುಗಟ್ಟಲೆ ಹೀಗೆ ನಡೆದು ದಿಬ್ಬ ಎದ್ದಿದೆ. ಬೆಂಕಿ ಜೋರಾಗಿದ್ದ ಕಡೆ ಬೂದಿ ಕರಗಿ ಗಾಜಿನ ಥರ ಗಟ್ಟಿಯಾಗಿದೆ, ಹಗುರ, ತೂತು ತೂತು. ಒಂದು ತುಂಡು ಕಾಲಡಿಯಲ್ಲೇ ಬಿದ್ದಿತ್ತು. ಹುಡುಗಿ ಎತ್ತಿ ನೋಡಿದಳು, ಮಾಸ್ತರು ನೋಡಿ ಆದಮೇಲೆ ಅದನ್ನು ಅದೇ ಜಾಗದಲ್ಲಿ ಅದೇ ಮಗ್ಗುಲಿಗೆ ಇಡಿಸಿದರು.

ಬ್ರಿಟಿಷರ ಕಾಲದಲ್ಲಿ ಇಂಥ ದಿಬ್ಬಗಳನ್ನು ನೋಡಿ ತಲೆಗೊಂದು ಮಾತು ಹೇಳಿದ್ದರು. ಜ್ವಾಲಾಮುಖಿ ಅಂದವರಿದ್ದರು, ಕಬ್ಬಿಣ ಕರಗಿಸಿದ್ದು ಅಂದವರಿದ್ದರು, ಹೆಣಗಳ ರಾಶಿ ಸುಟ್ಟಿದ್ದು ಅಂದವರೂ ಇದ್ದರು. ರಾಬರ್ಟ್ ಬ್ರೂಸ್ ಫೂಟ್ ಅನ್ನುವ ಭೂವಿಜ್ಞಾನಿ ಇದು ಹೊಸ ಶಿಲಾಯುಗದವರ ದನದ ದೊಡ್ಡಿ ಅನ್ನುವ ದಾರಿಗೆ ತಂದರು. ಆಮೇಲೆ ಆಲ್ಚಿನ್ ಅನ್ನುವ ಪುರಾತತ್ವಜ್ಞರು ಈಗಿನ ತೆಲಂಗಾಣದ ಉತ್ನೂರಿನಲ್ಲಿ ಅಗೆದು ನೋಡಿದರು. ಅದಾದಮೇಲೆ ಇನ್ನೊಬ್ಬ ಪುರಾತತ್ವಜ್ಞರು, ಕೆ. ಪದ್ದಯ್ಯನವರು, ಸುರಪುರ ಸೀಮೆಯ ಬೂದಿಹಾಳದಲ್ಲಿ ದೊಡ್ಡಿಯ ಜೊತೆಗೆ ಜನ ವಾಸವಿದ್ದ ಜಾಗವನ್ನೂ ಅಗೆದು ತೋರಿಸಿದರು. ಆ ಊರಿನ ಹೆಸರೇ ಬೂದಿಹಾಳ ನೋಡಿ. ಯಾಕೆ ಸುಡುತ್ತಿದ್ದರು? ರೋಗ ಬಂದಾಗ ದೊಡ್ಡಿ ಶುದ್ಧ ಮಾಡಲೋ, ಹಬ್ಬಕ್ಕೋ, ಎರಡಕ್ಕೋ. ಮಾಸ್ತರು ಈಗಿನ ಸಂಕ್ರಾಂತಿಯಲ್ಲಿ ದನ ಕಿಚ್ಚು ಹಾಯಿಸುವುದನ್ನು ನೆನಪಿಸಿ, ತಕ್ಷಣ ಬೆರಳೆತ್ತಿ, "ಸಂಬಂಧ ಇರಬಹುದಾದ ಅಂತ ಬರಕೊಳ್ರಿ, ಐತಿ ಅಂತ ಬರೀಬ್ಯಾಡ್ರಿ" ಅಂದರು. ಬರೆದುಕೊಂಡಿದ್ದೇನೆ.

ಈ ದಿಬ್ಬಕ್ಕೆ ಬಂದ ಒಂದು ತಂಡ ಇವರಿಗೆ ವಾಲಿ ಕಥೆ ಸುಳ್ಳು ಅಂತ ಕ್ಯಾಮೆರಾ ಮುಂದೆ ಹೇಳಿ ಅಂದಿತ್ತಂತೆ. ಇನ್ನೊಂದು ತಂಡ ಅದೇ ನಿಜ ಅಂತ ಹೇಳಿ ಅಂದಿತ್ತಂತೆ. ಎರಡಕ್ಕೂ ಆಗಲ್ಲ ಅಂದರು. ಅವರ ಮಾತು ನನಗೆ ಹಿಡಿಸಿತು: "ಕಥಿ ಇರೋದಕ್ಕ ದಿಬ್ಬ ಉಳದಿರಬಹುದ್ರಿ. ಇಲ್ಲಂದ್ರ ಎಂದೋ ಹೊಲಕ್ಕ ಗೊಬ್ಬರ ಆಗಿ ಹೋಗ್ತಿತ್ತು." ಎಷ್ಟೋ ಕಡೆ ಹಾಗೇ ಆಗಿದೆ. ಬಳ್ಳಾರಿ–ಹೊಸಪೇಟೆ ರಸ್ತೆಯ ಕುಡತಿನಿಯಲ್ಲಂತೂ ದಿಬ್ಬವನ್ನು ಕಡಿದುಕೊಂಡೇ ರಸ್ತೆ ಹೋಗಿದೆ. ಆ ರಸ್ತೆಯಲ್ಲಿ ನಾನು ಎಷ್ಟು ಸಲ ಓಡಾಡಿದ್ದೇನೋ, ಒಂದು ಸಲವೂ ತಲೆ ತಿರುಗಿಸಿ ನೋಡಿಲ್ಲ.

ವಿಠ್ಠಲ ದೇವಸ್ಥಾನ ಹತ್ತಿರವೇ ಇತ್ತು, ಹೋಗೋಣವಾ ಅಂದೆ. ಅದಕ್ಕೆ ಬೇರೆ ಗೈಡ್ ತಗೊಳ್ಳಿ ಅಂದರು. ಬ್ರಿಟಿಷರು ಸಂಗೀತ ಕಂಬದ ಒಳಗೆ ಏನಿದೆ ಅಂತ ನೋಡಲು ಕಂಬ ಕತ್ತರಿಸಿದರು ಅನ್ನುವ ಕಥೆಯನ್ನು ಕೇಳಿ ಕೇಳಿ ಸಾಕಾಗಿದೆ ಅಂತೆ. ಕಂಬ ತಟ್ಟಬಾರದು ಅಂತ ನಿಯಮ ಮಾಡಿದ್ದು ಅವರಿಗೆ ಖುಷಿ, ತಟ್ಟುವ ವಿಡಿಯೋಗಳು ಇನ್ನೂ ಓಡಾಡುತ್ತಿರುವುದು ಸಿಟ್ಟು. ಸಂಜೆ ಐದೂವರೆಗೆ ಬಸ್ ಸ್ಟಾಪಿನಲ್ಲಿ ಇಳಿದು, ದುಡ್ಡು ಎಣಿಸಿ ಜೇಬಿಗೆ ಹಾಕಿಕೊಂಡು, ಹುಡುಗಿಗೆ ಐವತ್ತು ರೂಪಾಯಿ ನೋಟು ಕೊಟ್ಟರು. ಯಾಕೆ ಅಂದರೆ "ಕಲ್ಲಿನ ರಥ ಐತಿ ಅದರಾಗ, ದೇವಸ್ಥಾನ ನೋಡಿದಂಗಾತು" ಅಂದರು. ಇಡೀ ದಿನದಲ್ಲಿ ಅವರು ಮಾಡಿದ ಒಂದೇ ಜೋಕು ಇದು ಅನ್ನಬಹುದು.

ಸರಿ, ಯಾರು ಹೋಗಬೇಕು, ಯಾರು ಬೇಡ. ಒಂದು ದಿನದಲ್ಲಿ ಹತ್ತು ಜಾಗ ನೋಡಬೇಕು, ರೀಲ್ಸ್ ಮಾಡಬೇಕು ಅನ್ನುವವರು ಹೋಗಬೇಡಿ, ಇಬ್ಬರಿಗೂ ಬೇಜಾರು. ಮಾತಾಡುವಾಗ ಫೋನ್ ಎತ್ತಿದರೆ ಅವರು ಮಾತು ನಿಲ್ಲಿಸಿ ಕಾಯುತ್ತಾರೆ, ಕ್ಲಾಸಿನಲ್ಲಿ ನಿಲ್ಲಿಸಿದ ಹಾಗೇ, ತುಂಬ ಮುಜುಗರ. ಹೇಳಿದ್ದನ್ನೇ ಮೂರು ಸಲ ಹೇಳುತ್ತಾರೆ, ಅದೂ ಹಳೇ ಅಭ್ಯಾಸವೇ ಇರಬೇಕು. ಚಿಕ್ಕ ಮಕ್ಕಳಿಗೆ ಆಗಲ್ಲ, ಹತ್ತು ವರ್ಷದ ಮೇಲಿನವರಿಗೆ ಓಕೆ. ಅಕ್ಟೋಬರ್‌ನಿಂದ ಫೆಬ್ರವರಿ ಒಳಗೆ ಹೋಗಿ, ಏಪ್ರಿಲ್‌ನಲ್ಲಿ ಆ ಬಂಡೆ ಮೇಲೆ ನಿಂತರೆ ಸಗಣಿ ಯಾಕೆ ಗಾಜಾಯಿತು ಅಂತ ಯಾರೂ ಹೇಳಿಕೊಡಬೇಕಾಗಿಲ್ಲ. ಪುರಾತತ್ವದ ಸಾಕ್ಷ್ಯಚಿತ್ರ ಬಿಡದೆ ನೋಡುವವರು ಮಾತ್ರ ಒಮ್ಮೆ ಹೋಗಲೇಬೇಕು. ನನಗಂತೂ ಈಗ ಟಿವಿಯಲ್ಲಿ ಯಾವ ತಜ್ಞ ಏನೇ ಖಚಿತವಾಗಿ ಹೇಳಿದರೂ, ಇವರ ಬಾಲ ಎಲ್ಲಿ ಕತ್ತರಿಸಿದ್ದಾರೆ ಅಂತ ಕಿವಿ ನೆಟ್ಟಗಾಗುತ್ತೆ.

ನಾಲ್ಕು ಸಾವಿರ ಕೊಟ್ಟಿದ್ದಕ್ಕೆ ಬೇಜಾರಿಲ್ಲ. ಐದಕ್ಕೆ ನಾಲ್ಕೂವರೆ ಸ್ಟಾರ್. ಅರ್ಧ ಕಡಿಮೆ ಆಗಿದ್ದು ಊಟಕ್ಕೆ.

ಇದನ್ನು ಬರೆದು ಮುಗಿಸುವ ಮೊದಲು ಅವರದೇ ಫೋನ್ ಬಂತು, ನಾವು ವಾಪಸ್ ಬಂದ ಆರನೇ ದಿನ. ಹಲೋ ಇಲ್ಲ, ಹೆಂಗದೀರಿ ಇಲ್ಲ.

"ಆ ಕಿಂಡಿ ಇರೋ ಚಪ್ಪಡಿ ಏಳಡಿ ಅಂದಿದ್ನಲ್ರಿ ನಿಮಗ. ನಿನ್ನೆ ಒಂದು ತಂಡದ ಜೋಡಿ ಹೋಗಿದ್ದೆ, ಟೇಪ್ ಹಿಡದು ನೋಡಿದೆ. ಆರೂವರಿ ಐತಿ. ಎಲ್ಲರ ಬರದಿದ್ರ ತಿದ್ರಿ."

ಮೇಲೆ ತಿದ್ದಿದ್ದೇನೆ.